ಸಭೆಯಲ್ಲಿ ಮೈಕ್ ಕೊಟ್ಟರೆ ಸಾಲದು, ಸಭೆಗೆ ಮೊದಲೇ ನಮ್ಮ ಕರಪತ್ರ ಹೋಗಬೇಕು



ಪೋಸ್ಟ್ ಉದ್ದ ಇದೆ. ವಿಷಯವೂ ನಾವು ದಿನಾ ಮಾತಾಡುವಂಥದ್ದಲ್ಲ. ಕಂಪನಿ ಕಾಯ್ದೆ, ಷೇರು, ವಾರ್ಷಿಕ ಮಹಾಸಭೆ. "ಇದರಲ್ಲಿ ನಮಗೇನಿದೆ?" ಅಂತ ದಾಟ್ಕೊಂಡು ಹೋಗಬೇಡಿ. ನಮ್ಮ ಬಾಯಿ ಕಟ್ಟುವ ಕೆಲಸ ಬೀದಿಯಲ್ಲಿ ಮಾತ್ರ ನಡೆಯಲ್ಲ, ಇಂಥ ಒಣ ಸೆಕ್ಷನ್‌ಗಳ ಒಳಗೂ ನಡೆಯುತ್ತೆ. ಅಲ್ಲಿ ಯಾರೂ ನೋಡಲ್ಲ ಅನ್ನೋ ಧೈರ್ಯ ಅವರಿಗೆ.

ಊರ ನ್ಯಾಯ ಪಂಚಾಯ್ತಿ ಹೇಗೆ ನಡೀತಿತ್ತು ಅಂತ ನಿಮಗೆ ನಾನು ಹೇಳಬೇಕಿಲ್ಲ. ತೀರ್ಮಾನ ಹಿಂದಿನ ರಾತ್ರಿಯೇ ಗೌಡರ ಜಗಲಿ ಮೇಲೆ ಆಗಿರುತ್ತೆ. ಬೆಳಗ್ಗೆ ಎಲ್ಲರನ್ನೂ ಅರಳಿಕಟ್ಟೆಗೆ ಕರೀತಾರೆ. ನಮ್ಮವರು ದೂರದಲ್ಲಿ ನಿಂತು ಎರಡು ಮಾತು ಆಡಬಹುದು. ಕೇಳ್ತಾರೆ, ತಲೆ ಆಡಿಸ್ತಾರೆ. ರಾತ್ರಿ ಆಗಿದ್ದ ತೀರ್ಮಾನವನ್ನೇ ಹೇಳಿ ಎದ್ದು ಹೋಗ್ತಾರೆ.

ಇವತ್ತಿನ ದೊಡ್ಡ ಕಂಪನಿಗಳ ಮಹಾಸಭೆ ಇದಕ್ಕಿಂತ ಬೇರೆ ಅಂದುಕೊಂಡಿದ್ದೀರಾ?

ನಿಯಮ ನೋಡಿ. ಸಭೆಗೆ 21 ದಿನ ಮೊದಲು ನೋಟಿಸ್ ಬರುತ್ತೆ. ಅದರ ಜೊತೆ ವಾರ್ಷಿಕ ವರದಿ, ಅಧ್ಯಕ್ಷರ ಬಣ್ಣದ ಫೋಟೋ, ಆಡಳಿತ ಮಂಡಳಿ ತನ್ನ ನಿರ್ಣಯಗಳಿಗೆ ತಾನೇ ಬರೆದುಕೊಂಡ ಸಮರ್ಥನೆ. ಆಮೇಲೆ ಇ-ವೋಟಿಂಗ್. ಸ್ಟಾಕ್ ಎಕ್ಸ್‌ಚೇಂಜ್‌ನಲ್ಲಿರುವ ಕಂಪನಿಗಳಲ್ಲಿ ಈ ಮತದಾನ ಸಭೆಯ ಹಿಂದಿನ ದಿನ ಸಂಜೆ 5ಕ್ಕೆ ಮುಗಿಯುತ್ತೆ. ಹೌದು, ಹಿಂದಿನ ದಿನ. ಆಗ ಮತ ಹಾಕದೇ ಉಳಿದವರು ಮಾತ್ರ ಸಭೆ ದಿನ ಹಾಕಬಹುದು. ದೊಡ್ಡ ಫಂಡ್‌ಗಳು, ವಿಮಾ ಕಂಪನಿಗಳು, ಪ್ರವರ್ತಕರು ಅಷ್ಟೊತ್ತಿಗೆ ಒತ್ತಿ ಮುಗಿಸಿರ್ತಾರೆ. ಮಾರನೇ ದಿನ ಸಣ್ಣ ಷೇರುದಾರ ವಿಡಿಯೋದಲ್ಲಿ ಬಂದು, ಸರದಿ ಕಾದು, ಎರಡು ಮೂರು ನಿಮಿಷ ಮಾತಾಡ್ತಾನೆ. ಅಧ್ಯಕ್ಷರು "ಧನ್ಯವಾದ, ನಿಮ್ಮ ಸಲಹೆ ಗಮನಿಸಿದ್ದೇವೆ" ಅಂತಾರೆ.

ಮತ ಬಿದ್ದ ಮೇಲೆ ಪ್ರಚಾರಕ್ಕೆ ಅವಕಾಶ! ಇದಕ್ಕೆ ಷೇರುದಾರರ ಪ್ರಜಾಪ್ರಭುತ್ವ ಅಂತ ಹೆಸರು ಬೇರೆ.

ಆದ್ದರಿಂದ ಜಗಳ ಸಭೆಯಲ್ಲಿ ಮಾತಾಡುವ ಹಕ್ಕಿನದ್ದಲ್ಲ. ಸಭೆಗೆ ಮೊದಲು, ಮತ ಬೀಳುವ ಮೊದಲು, ನನ್ನ ಮಾತು ಉಳಿದ ಷೇರುದಾರರ ಕೈ ಸೇರುವ ಹಕ್ಕಿನದ್ದು. ಒಂದು ಸಮಾವೇಶಕ್ಕೂ ನಾವು ಮೊದಲು ಕರಪತ್ರ ಹಂಚ್ತೀವಿ. ಕರಪತ್ರ ಹಂಚದೆ ಚಳವಳಿ ಕಟ್ಟಿದವರು ಯಾರಿದ್ದಾರೆ ಹೇಳಿ.

ಈ ಹಕ್ಕು ನಮ್ಮ ದೇಶದ ಕಾನೂನಿನಲ್ಲಿ ಇತ್ತು. ಅದನ್ನು ತೆಗೆದರು. ಬಹಳ ಜನಕ್ಕೆ ಗೊತ್ತೇ ಆಗಲಿಲ್ಲ.

1956ರ ಕಂಪನಿ ಕಾಯ್ದೆಯ ಸೆಕ್ಷನ್ 188 ಹೀಗಿತ್ತು: ಒಟ್ಟು ಮತಬಲದಲ್ಲಿ 20ರಲ್ಲಿ 1 ಪಾಲು ಇರುವವರು, ಅಥವಾ 100 ಜನ ಸದಸ್ಯರು ಸೇರಿ, ಅವರೆಲ್ಲರ ಷೇರುಗಳ ಮೇಲೆ ಪಾವತಿಯಾದ ಮೊತ್ತ ಒಟ್ಟು 1 ಲಕ್ಷ ರೂಪಾಯಿ ಆಗಿದ್ದರೆ, ತಮ್ಮ ನಿರ್ಣಯವನ್ನೂ, ಅದಕ್ಕೆ ಬೆಂಬಲವಾಗಿ 1000 ಪದಗಳ ಒಂದು ಹೇಳಿಕೆಯನ್ನೂ ಕಂಪನಿಯಿಂದಲೇ ಎಲ್ಲ ಸದಸ್ಯರಿಗೆ ಕಳಿಸಿ ಅಂತ ಕೇಳಬಹುದಿತ್ತು. ಖರ್ಚು ಕೇಳಿದವರದ್ದೇ. ಆದರೂ ಬಾಗಿಲು ತೆರೆದಿತ್ತು.

ಆ "ಅಥವಾ 100 ಜನ" ಅನ್ನೋ ಮಾತಿನ ಮೇಲೆ ಬೆರಳಿಡಿ. ಅದು ದುಡ್ಡಿನ ಲೆಕ್ಕದ ಪಕ್ಕದಲ್ಲಿ ತಲೆ ಲೆಕ್ಕ. ಷೇರು ಕಮ್ಮಿ ಇದ್ದರೂ ಜನ ಸೇರಿದರೆ ಬಾಯಿ ಇದೆ ಅಂತ ಅರ್ಥ. ಸಂಘಟನೆ ಮಾಡುವವರಿಗೆ ಇದಕ್ಕಿಂತ ದೊಡ್ಡ ಆಯುಧ ಬೇಕಾ? 100 ಜನರನ್ನು ಸೇರಿಸೋದು ನಮಗೆ ಬರುತ್ತೆ. ಅದೊಂದೇ ನಮಗೆ ಬರೋದು.

2013ರಲ್ಲಿ ಹೊಸ ಕಂಪನಿ ಕಾಯ್ದೆ ಬಂತು. ಸೆಕ್ಷನ್ 188ರ ಜಾಗಕ್ಕೆ ಸೆಕ್ಷನ್ 111. ನಿರ್ಣಯ ಮತ್ತು ಹೇಳಿಕೆ ಕಳಿಸುವ ಹಕ್ಕು ಹೆಸರಿಗೆ ಉಳಿಯಿತು. ಆದರೆ ಎಷ್ಟು ಸದಸ್ಯರು ಬೇಕು ಅಂತ ನೋಡಿದರೆ ಸೆಕ್ಷನ್ 100ರ ಕಡೆ ಕೈ ತೋರಿಸುತ್ತೆ. ಅಲ್ಲಿ ಇರೋದು ಮತದ ಹಕ್ಕಿರುವ ಷೇರು ಬಂಡವಾಳದ 10ರಲ್ಲಿ 1 ಪಾಲು. 20ರಲ್ಲಿ 1 ಹೋಗಿ 10ರಲ್ಲಿ 1 ಆಯಿತು. "ಅಥವಾ 100 ಜನ" ಅನ್ನೋದು ಪೂರ್ತಿ ಮಾಯ.

ಹತ್ತರಲ್ಲಿ ಒಂದು ಅಂದ್ರೆ ಎಷ್ಟು? ನಮ್ಮ ಬೆಂಗಳೂರಿನ ದೊಡ್ಡ ಐಟಿ ಕಂಪನಿಗಳ ಮಾರುಕಟ್ಟೆ ಬೆಲೆ ಲಕ್ಷಾಂತರ ಕೋಟಿ. ಅದರಲ್ಲಿ ಹತ್ತರಲ್ಲಿ ಒಂದು ಅಂದ್ರೆ ಹತ್ತಾರು ಸಾವಿರ ಕೋಟಿ ರೂಪಾಯಿ. ಒಂದು ಕಾಗದ ಕಳಿಸೋಕೆ! ಅಷ್ಟು ದುಡ್ಡಿರುವವನಿಗೆ ಕಾಗದ ಬೇಕಾಗಿಲ್ಲ, ಫೋನ್ ಸಾಕು.

ಹತ್ತರಲ್ಲಿ ಒಂದಕ್ಕಿಂತ ಜಾಸ್ತಿ ಇದ್ದವರ ಕತೆಯನ್ನೂ ನೋಡಿ. 2021ರಲ್ಲಿ ಝೀ ಕಂಪನಿಯಲ್ಲಿ ಹೆಚ್ಚೂಕಮ್ಮಿ ಶೇ. 18 ಪಾಲು ಇದ್ದ ಇನ್ವೆಸ್ಕೊ ಕಡೆಯವರು ವಿಶೇಷ ಸಭೆ ಕರೆಯಿರಿ ಅಂತ ಕೇಳಿದರು. ಆಡಳಿತ ಮಂಡಳಿ ಆಗಲ್ಲ ಅಂತು. ವಿಷಯ ಕೋರ್ಟಿಗೆ ಹೋಯಿತು. 2022ರ ಮಾರ್ಚಿನಲ್ಲಿ ಬಾಂಬೆ ಹೈಕೋರ್ಟಿನ ವಿಭಾಗೀಯ ಪೀಠ ಇನ್ವೆಸ್ಕೊ ಪರ ಹೇಳುವಷ್ಟರಲ್ಲಿ ಆರು ತಿಂಗಳು ಕಳೆದಿತ್ತು. ವಿದೇಶಿ ಫಂಡ್‌ಗೇ ಈ ಗತಿ ಆದರೆ ಕೋಲಾರದ ನಿವೃತ್ತ ಮೇಷ್ಟ್ರ ಗತಿ ಏನು?

ಇನ್ನೊಂದು ಕಿಟಕಿ ಇತ್ತು. ಕಂಪನಿಯ ಸದಸ್ಯರ ಪಟ್ಟಿ ನೋಡಿ, ನಕಲು ತಗೊಂಡು, ನಾವೇ ಉಳಿದವರಿಗೆ ಕಾಗದ ಬರೆಯಬಹುದಿತ್ತು. 2022ರ ಮೇನಲ್ಲಿ ನಿಯಮ ತಿದ್ದಿ ಸದಸ್ಯರ ವಿಳಾಸ, ಇ-ಮೇಲ್, ಪ್ಯಾನ್ ನಂಬರ್ ಯಾರೂ ನೋಡುವಂತಿಲ್ಲ ಅಂತ ಮಾಡಿದರು. ಖಾಸಗಿತನ ಬೇಕು, ಒಪ್ಪೋಣ. ಯಾರದೋ ಪ್ಯಾನ್ ನಂಬರ್ ಕಟ್ಟಿಕೊಂಡು ನಮಗೇನಾಗಬೇಕು? ಆದರೆ ಫಲ ಏನಾಯ್ತು ನೋಡಿ. ಎಲ್ಲ ಷೇರುದಾರರ ವಿಳಾಸ ಈಗ ಆಡಳಿತದ ಕೈಯಲ್ಲಿದೆ, ಷೇರುದಾರರ ಕೈಯಲ್ಲಿಲ್ಲ. ಅವರು ನಮಗೆಲ್ಲ ಬರೆಯಬಹುದು. ನಾವು ನಮ್ಮವರಿಗೆ ಬರೆಯುವಂತಿಲ್ಲ.

ಇದೇ ಕಾಯ್ದೆಯಲ್ಲಿ ಇನ್ನೊಂದು ತಮಾಷೆ ಇದೆ. ಒಬ್ಬ ನಿರ್ದೇಶಕನನ್ನು ತೆಗೆಯಬೇಕು ಅಂತ ನಿರ್ಣಯ ಬಂದರೆ, ಸೆಕ್ಷನ್ 169ರ ಪ್ರಕಾರ ಆತ ತನ್ನ ಸಮರ್ಥನೆ ಬರೆದು ಕೊಡಬಹುದು. ಅದನ್ನು ಕಂಪನಿ ಎಲ್ಲ ಸದಸ್ಯರಿಗೂ ಕಳಿಸಬೇಕು. ಕಳಿಸೋಕೆ ಆಗದಿದ್ದರೆ ಸಭೆಯಲ್ಲಿ ಓದಿಸಬೇಕು. ನ್ಯಾಯವಾದ ಹಕ್ಕು, ಇರಲಿ. ಆದರೆ ಕುರ್ಚಿ ಕಳೆದುಕೊಳ್ಳುವವನ ದುಃಖ ಎಲ್ಲರ ಮನೆಗೂ ಹೋಗಬೇಕು, ಆ ಕಂಪನಿಯ ಗುತ್ತಿಗೆ ಕೆಲಸಗಾರರ ಬಗ್ಗೆ 100 ಜನ ಬರೆದದ್ದು ಹೋಗಬಾರದು. ಯಾರ ಮಾತಿಗೆ ಬೆಲೆ ಅನ್ನೋದು ಇಲ್ಲೇ ಕಾಣುತ್ತಲ್ಲ.

ಈಗ ನೀವು ಕೇಳ್ತೀರಿ: ಆ 1000 ಪದದಲ್ಲಿ ನಾವು ಏನು ಬರೀತೀವಿ?

ಒಂದು ಲೆಕ್ಕ ಹೇಳ್ತೀನಿ. 2012ರ ಆಗಸ್ಟಿನಲ್ಲಿ 'ಎಕನಾಮಿಕ್ ಆ್ಯಂಡ್ ಪೊಲಿಟಿಕಲ್ ವೀಕ್ಲಿ'ಯಲ್ಲಿ ಡಿ. ಅಜಿತ್, ಹಾನ್ ಡೋಂಕರ್, ರವಿ ಸಕ್ಸೇನಾ ಅವರ ಅಧ್ಯಯನ ಬಂತು. 2010ರಲ್ಲಿ ಭಾರತದ 1000 ದೊಡ್ಡ ಕಂಪನಿಗಳ ಆಡಳಿತ ಮಂಡಳಿಗಳಲ್ಲಿ ಕೂತಿದ್ದ 9000ಕ್ಕೂ ಹೆಚ್ಚು ಜನರ ಜಾತಿಯನ್ನು ಅವರ ಅಡ್ಡಹೆಸರಿನಿಂದ ಗುರುತಿಸಿ ಮಾಡಿದ ಲೆಕ್ಕ. ಮೇಲ್ಜಾತಿಯವರು ಶೇ. 92.6. ಹಿಂದುಳಿದ ವರ್ಗದವರು ಶೇ. 3.8. ಪರಿಶಿಷ್ಟ ಜಾತಿ ಮತ್ತು ಪಂಗಡ ಎರಡೂ ಸೇರಿ ಶೇ. 3.5. ಅಗ್ರಹಾರ ಅಂತ ಬೋರ್ಡ್ ಹಾಕಿಲ್ಲ, ಅಷ್ಟೇ.

ಇವತ್ತು ಆ ಲೆಕ್ಕ ಏನಾಗಿದೆ ಅಂತ ಕಂಪನಿಗಳನ್ನೇ ಕೇಳೋಣ ಅಂದ್ರೆ, ಕೇಳುವ ಕಾಲಂ ಇಲ್ಲ. ಮಾರುಕಟ್ಟೆ ಬೆಲೆಯಲ್ಲಿ ಮೊದಲ 1000 ಕಂಪನಿಗಳು 2022–23ರಿಂದ ಸೆಬಿಗೆ ಬಿಆರ್‌ಎಸ್‌ಆರ್ ಅನ್ನೋ ವರದಿ ಕೊಡಲೇಬೇಕು. ಸಾಮಾಜಿಕ ಜವಾಬ್ದಾರಿ, ಪರಿಸರ ಎಲ್ಲ ಅದರಲ್ಲಿ ಬರುತ್ತೆ. ಹೆಂಗಸರು ಎಷ್ಟು, ಅಂಗವಿಕಲರು ಎಷ್ಟು ಅಂತ ಕೋಷ್ಟಕ ಇದೆ. ಇರಲೇಬೇಕು. ಎಷ್ಟು ನೀರು ಬಳಸಿದಿರಿ ಅಂತಲೂ ಕೇಳ್ತಾರೆ. ಕೆಲಸಗಾರರಲ್ಲಿ ಪರಿಶಿಷ್ಟ ಜಾತಿಯವರು ಎಷ್ಟು ಅಂತ ಒಂದು ಕೋಷ್ಟಕ ಇಲ್ಲ. ನೀರಿನ ಲೆಕ್ಕ ಇಡುವ ಕಂಪನಿಗೆ, ಆ ನೀರು ಹರಿದು ಹೋಗುವ ಚರಂಡಿ ತೊಳೆಯುವವರ ಲೆಕ್ಕ ಬೇಡ.

100 ಜನ ಸೇರಿ "ಮೇಲಿನ ಹುದ್ದೆಯಲ್ಲಿ ಯಾವ ಸಮುದಾಯದವರು ಎಷ್ಟು, ಹೌಸ್‌ಕೀಪಿಂಗ್ ಗುತ್ತಿಗೆಯಲ್ಲಿ ಎಷ್ಟು, ಈ ವರ್ಷದ ವರದಿಯಲ್ಲಿ ಹೇಳಿ" ಅಂತ ಒಂದು ನಿರ್ಣಯ, ಅದರ ಜೊತೆ 1000 ಪದ ಕಳಿಸಿದರೆ ಏನಾಗುತ್ತೆ? ಆ ನಿರ್ಣಯ ಸೋಲುತ್ತೆ. ಖಂಡಿತ ಸೋಲುತ್ತೆ. ಆದರೆ ಲಕ್ಷಾಂತರ ಷೇರುದಾರರ ಇನ್‌ಬಾಕ್ಸ್‌ಗೆ ಕಂಪನಿಯ ಲಕೋಟೆಯಲ್ಲೇ ಆ ಪ್ರಶ್ನೆ ಹೋಗಿರುತ್ತೆ. ದೊಡ್ಡ ಫಂಡ್‌ಗಳು ಪರ ಅಥವಾ ವಿರೋಧ ಅಂತ ಬಟನ್ ಒತ್ತಲೇಬೇಕಾಗುತ್ತೆ. 2022ರ ಏಪ್ರಿಲ್‌ನಿಂದ ಮ್ಯೂಚುವಲ್ ಫಂಡ್‌ಗಳು ಎಲ್ಲ ನಿರ್ಣಯಕ್ಕೂ ಮತ ಹಾಕಲೇಬೇಕು ಅಂತ ಸೆಬಿ ನಿಯಮ ಇದೆ. ಜಾತಿ ಲೆಕ್ಕ ಬೇಡ ಅಂತ ಮತ ಹಾಕಿದವರ ಹೆಸರು ದಾಖಲೆಯಲ್ಲಿ ಉಳಿಯುತ್ತೆ. ಅವರಿಗೆ ಭಯ ಇರೋದು ಇದರದ್ದೇ.

ಮಾತು ತಲುಪದ ಹಾಗೆ ಮಾಡೋದು ಹಳೇ ವಿದ್ಯೆ. 1920ರ ಜನವರಿ 31ರಂದು ಬಾಬಾಸಾಹೇಬರು 'ಮೂಕನಾಯಕ' ಶುರು ಮಾಡಿದರು. ಪತ್ರಿಕೆ ಬರ್ತಾ ಇದೆ ಅಂತ ಒಂದು ಜಾಹೀರಾತು ಹಾಕಿ, ದುಡ್ಡು ಕೊಡ್ತೀವಿ ಅಂತ ತಿಲಕರ 'ಕೇಸರಿ'ಗೆ ಕೇಳಿದರೆ ಹಾಕಲಿಲ್ಲ. ಗಮನಿಸಿ, ಪತ್ರಿಕೆ ಮಾಡಬೇಡ ಅಂತ ಯಾರೂ ತಡೆಯಲಿಲ್ಲ. ಅದು ಇದೆ ಅಂತ ಇನ್ನೊಬ್ಬರಿಗೆ ಗೊತ್ತಾಗೋದನ್ನ ತಡೆದರು. ಸೆಕ್ಷನ್ 111 ಮಾಡ್ತಿರೋದೂ ಅದೇ. ಮಾತಾಡಪ್ಪಾ, ಯಾರಿಗೂ ಕೇಳದ ಹಾಗೆ ಮಾತಾಡು.

ಅದೇ ಬಾಬಾಸಾಹೇಬರು ಕೊಲಂಬಿಯಾದಿಂದ ವಾಪಸ್ ಬಂದ ಮೇಲೆ ಮುಂಬೈಯಲ್ಲಿ ಷೇರು ವಹಿವಾಟಿನವರಿಗೆ ಸಲಹೆ ಕೊಡುವ ಕಚೇರಿಯನ್ನೂ ತೆರೆದಿದ್ದರು. ಅರ್ಥಶಾಸ್ತ್ರದಲ್ಲಿ ಅವರ ಸಮ ಓದಿದವರು ಆ ಬೀದಿಯಲ್ಲಿ ಎಷ್ಟು ಜನ ಇದ್ದರು? ಸಲಹೆ ಕೊಡುವವರು ಅಸ್ಪೃಶ್ಯರು ಅಂತ ಗೊತ್ತಾದ ಮೇಲೆ ಗಿರಾಕಿಗಳು ಬರೋದು ನಿಂತಿತು. ಕಚೇರಿ ಮುಚ್ಚಿತು. ಷೇರುಪೇಟೆಗೆ ಜಾತಿ ಇಲ್ಲ, ಲಾಭ ಮಾತ್ರ ಇದೆ ಅಂತ ಭಾಷಣ ಬಿಡುವವರು ಈ ಕಚೇರಿಯ ಬಾಗಿಲ ಮುಂದೆ ಸ್ವಲ್ಪ ನಿಂತು ಹೋಗಲಿ.

ಈಗ ಅಮೆರಿಕಕ್ಕೆ ಬನ್ನಿ. ನಮ್ಮ ಕಪ್ಪು ಸಹೋದರರ ಹೋರಾಟದಲ್ಲಿ ಈ ಹಕ್ಕಿನ ಒಂದು ದೊಡ್ಡ ಅಧ್ಯಾಯ ಇದೆ. ನಮ್ಮಲ್ಲಿ ಅದನ್ನು ಯಾರೂ ಹೇಳಲ್ಲ.

1947ರಲ್ಲಿ ಬೇಯಾರ್ಡ್ ರಸ್ಟಿನ್ ಅನ್ನೋ ಕಪ್ಪು ಹೋರಾಟಗಾರ, ಜೇಮ್ಸ್ ಪೆಕ್ ಅನ್ನೋ ಬಿಳಿಯ ಸಂಗಾತಿ ಮತ್ತವರ ಗೆಳೆಯರು ದಕ್ಷಿಣದ ರಾಜ್ಯಗಳಲ್ಲಿ ಬಸ್ಸು ಹತ್ತಿ, ಕಪ್ಪು ಜನ ಹಿಂದಿನ ಸೀಟಿನಲ್ಲೇ ಕೂರಬೇಕು ಅನ್ನೋ ಕಟ್ಟಳೆ ಮುರಿದರು. ಜೈಲಿಗೂ ಹೋದರು. ಆಮೇಲೆ ಇನ್ನೊಂದು ದಾರಿ ಹುಡುಕಿದರು. ಗ್ರೇಹೌಂಡ್ ಬಸ್ ಕಂಪನಿಯ ಷೇರು ಕೊಂಡರು. ದಕ್ಷಿಣದಲ್ಲಿ ಬೇರೆ ಬೇರೆ ಸೀಟಿನ ಪದ್ಧತಿ ಕೈಬಿಡುವುದನ್ನು ಆಡಳಿತ ಪರಿಶೀಲಿಸಲಿ ಅಂತ ಪೆಕ್ ಒಂದು ಪ್ರಸ್ತಾವ ಬರೆದು, ಇದನ್ನು ಸಭೆಗೆ ಮೊದಲು ಎಲ್ಲ ಷೇರುದಾರರಿಗೂ ಕಳಿಸಿ ಅಂದರು. ಕಂಪನಿ ಕಳಿಸಲ್ಲ ಅಂತು. ಅಲ್ಲಿನ ಷೇರು ನಿಯಂತ್ರಣ ಆಯೋಗ ಕಂಪನಿಯ ಜೊತೆ ನಿಂತಿತು. 1951ರಲ್ಲಿ ಕೋರ್ಟೂ ಪೆಕ್ ಕೇಳಿದ ಆದೇಶ ಕೊಡಲಿಲ್ಲ. 1952ರಲ್ಲಿ ಆಯೋಗ ನಿಯಮವನ್ನೇ ತಿದ್ದಿ, ಆರ್ಥಿಕ, ರಾಜಕೀಯ, ಜನಾಂಗೀಯ, ಧಾರ್ಮಿಕ, ಸಾಮಾಜಿಕ ಉದ್ದೇಶದ ಪ್ರಸ್ತಾವಗಳನ್ನು ಕಂಪನಿಗಳು ಬಿಟ್ಟುಬಿಡಬಹುದು ಅಂತ ಬರೆಯಿತು. "ಜನಾಂಗೀಯ" ಅನ್ನೋದನ್ನು ನಿಯಮದಲ್ಲೇ ಹೆಸರಿಟ್ಟು ಹೊರಗೆ ಹಾಕಿದರು!

ಮುಂದೆ ಏನಾಯ್ತು? 1961ರ ಮೇ 14. ಫ್ರೀಡಂ ರೈಡ್. ಅಲಬಾಮಾದ ಆ್ಯನಿಸ್ಟನ್ ಹತ್ತಿರ ಬಿಳಿಯರ ಗುಂಪು ಒಂದು ಗ್ರೇಹೌಂಡ್ ಬಸ್ಸಿಗೆ ಬೆಂಕಿ ಹಚ್ಚಿತು. ಅದೇ ದಿನ ಬರ್ಮಿಂಗ್‌ಹ್ಯಾಮ್ ನಿಲ್ದಾಣದಲ್ಲಿ ಜೇಮ್ಸ್ ಪೆಕ್‌ಗೆ ಹೊಡೆದ ಹೊಡೆತಕ್ಕೆ 50ಕ್ಕೂ ಹೆಚ್ಚು ಹೊಲಿಗೆ ಬಿತ್ತು. ಹತ್ತು ವರ್ಷದ ಹಿಂದೆ ಸಭ್ಯವಾಗಿ ಕಾಗದದಲ್ಲಿ ಕೇಳಿದ್ದ ಅದೇ ಮನುಷ್ಯ, ಅದೇ ಪ್ರಶ್ನೆ. ಕಾಗದದಲ್ಲಿ ಬರಬಾರದು ಅಂದ ಪ್ರಶ್ನೆ ರಸ್ತೆಗೆ ಬಂತು, ರಕ್ತದ ಜೊತೆ ಬಂತು.

ಅವರು ಬಿಡಲಿಲ್ಲ. 1970ರಲ್ಲಿ ಜನರಲ್ ಮೋಟರ್ಸ್ ಕಂಪನಿಯಲ್ಲಿ ಬರೀ 12 ಷೇರು ಇಟ್ಟುಕೊಂಡ ಯುವ ವಕೀಲರ ಗುಂಪೊಂದು ಹಲವು ಪ್ರಸ್ತಾವ ಕೊಟ್ಟಿತು. ಎರಡನ್ನು ಕಂಪನಿ ಹಂಚಲೇಬೇಕಾಯಿತು. ಹತ್ತು ಲಕ್ಷಕ್ಕೂ ಹೆಚ್ಚು ಷೇರುದಾರರಿಗೆ ಹೋಯಿತು. ಬಿದ್ದ ಮತ ಶೇ. 3ಕ್ಕಿಂತ ಕಡಿಮೆ. ಸೋತರು ಅಂತೀರಾ? 1971ರ ಜನವರಿಯಲ್ಲಿ ಜನರಲ್ ಮೋಟರ್ಸ್ ಆಡಳಿತ ಮಂಡಳಿಗೆ ಮೊದಲ ಕಪ್ಪು ನಿರ್ದೇಶಕ ಬಂದರು, ಪಾದ್ರಿ ಲಿಯೊನ್ ಸಲಿವನ್. ದಕ್ಷಿಣ ಆಫ್ರಿಕಾದ ವರ್ಣಭೇದದ ವಿರುದ್ಧ ಕಂಪನಿಗಳಿಗೆ ಬಿಸಿ ಮುಟ್ಟಿಸಿದವರಲ್ಲಿ ಅವರೂ ಒಬ್ಬರು.

ಇವತ್ತೂ ಅಮೆರಿಕದಲ್ಲಿ 2000 ಡಾಲರ್ ಬೆಲೆಯ ಷೇರನ್ನು ಮೂರು ವರ್ಷ ಇಟ್ಟುಕೊಂಡ ಒಬ್ಬನೇ ಒಬ್ಬ 500 ಪದದ ಪ್ರಸ್ತಾವ ಕೊಡಬಹುದು. ಮೊದಲು ಒಂದೇ ವರ್ಷ ಸಾಕಿತ್ತು, 2020ರಲ್ಲಿ ಬಿಗಿ ಮಾಡಿದರು. ಅಲ್ಲೂ ಕತ್ತರಿ ಆಡ್ತಾ ಇದೆ. ಬ್ರಿಟನ್ನಿನ 2006ರ ಕಂಪನಿ ಕಾಯ್ದೆಯಲ್ಲಿ ಶೇ. 5 ಮತಬಲ, ಅಥವಾ ಸರಾಸರಿ 100 ಪೌಂಡ್ ಪಾವತಿಯಾದ ಷೇರಿರುವ 100 ಜನ ಸದಸ್ಯರು ಸೇರಿದರೆ 1000 ಪದದ ಹೇಳಿಕೆ ಕಳಿಸಬಹುದು. ನಮ್ಮ 1956ರ ಸೆಕ್ಷನ್ ಬಂದಿದ್ದೇ ಆ ದೇಶದ ಕಾನೂನಿನ ಮಾದರಿಯಿಂದ. ಅವರು ಇವತ್ತಿಗೂ 100 ಜನರ ಹಕ್ಕು ಉಳಿಸಿಕೊಂಡಿದ್ದಾರೆ. ಸ್ವತಂತ್ರ ಭಾರತ ಅದನ್ನು ಕಿತ್ತು ಹಾಕಿತು. ಲಂಡನ್ ಷೇರುಪೇಟೆ ಮುಳುಗಿಹೋಯ್ತಾ? ಇಲ್ಲವಲ್ಲ.

ನಮ್ಮ ಸಂಗಾತಿಗಳಲ್ಲೇ ಕೆಲವರು ಈಗ ಹೇಳ್ತಾರೆ: "ಬಂಡವಾಳಶಾಹಿ ಅಂಗಳದಲ್ಲಿ ನಮಗೇನು ಕೆಲಸ? ಭೂಮಿ ಹೋರಾಟ ಬಿಟ್ಟು ಷೇರು ಹಿಡ್ಕೊಂಡು ಕೂತ್ಕೊಳ್ಳೋದಾ?"

ಬಿಡಿ ಅಂತ ಯಾರೂ ಹೇಳ್ತಿಲ್ಲ. ನಿಯಮಗಿರಿ ನೋಡಿ. ವೇದಾಂತ ಕಂಪನಿಯ ಲಂಡನ್ ಸಭೆಗಳಿಗೆ ಹೋರಾಟಗಾರರು ಷೇರು ಕೊಂಡು ಹೋಗಿ ಡೋಂಗ್ರಿಯಾ ಕೊಂಧರ ಬೆಟ್ಟದ ಬಗ್ಗೆ ಕೇಳಿದರು. 2007ರಲ್ಲಿ ನಾರ್ವೆ ಸರ್ಕಾರದ ಪಿಂಚಣಿ ನಿಧಿ ಆ ಕಂಪನಿಯನ್ನು ಹೊರಗಿಟ್ಟಿತು. 2010ರಲ್ಲಿ ಚರ್ಚ್ ಆಫ್ ಇಂಗ್ಲೆಂಡ್ ತನ್ನ ಷೇರು ಮಾರಿತು. ಆದರೆ ಬೆಟ್ಟ ಉಳಿಸಿದ್ದು ಷೇರುದಾರರಲ್ಲ. ಸುಪ್ರೀಂ ಕೋರ್ಟ್ ತೀರ್ಪಿನ ನಂತರ 2013ರಲ್ಲಿ 12ಕ್ಕೆ 12 ಗ್ರಾಮಸಭೆಗಳೂ ಆಗಲ್ಲ ಅಂದವು, ಅದು ಉಳಿಸಿತು. ಬೆಟ್ಟದ ಮೇಲಿನ ಹೋರಾಟವೇ ಹೋರಾಟ. ಲಂಡನ್ ಸಭೆ ಅದಕ್ಕೆ ಒಂದು ಬಾಗಿಲು ಅಷ್ಟೇ. ಇರುವ ಬಾಗಿಲನ್ನು ನಾವೇ ಯಾಕೆ ಮುಚ್ಚಿಕೊಳ್ಳಬೇಕು?

ಇನ್ನೊಂದು ಮಾತು. "ಷೇರುಪೇಟೆ ನಮ್ಮದಲ್ಲ" ಅಂತೀರಲ್ಲ, ನಮ್ಮ ದುಡ್ಡು ಆಗಲೇ ಅಲ್ಲಿದೆ. 2015ರಿಂದ ಪಿಎಫ್ ಸಂಸ್ಥೆ ತನಗೆ ಬರುವ ಹೊಸ ದುಡ್ಡಿನಲ್ಲಿ ಒಂದು ಪಾಲನ್ನು ಇಟಿಎಫ್ ಮೂಲಕ ಷೇರುಗಳಿಗೆ ಹಾಕ್ತಿದೆ. ಶೇ. 5ರಿಂದ ಶುರುವಾಗಿ ಶೇ. 15ರ ಮಿತಿಗೆ ಏರಿಸಿದರು. ಗಾರ್ಮೆಂಟ್ಸ್ ಅಕ್ಕಂದಿರ, ಸೆಕ್ಯೂರಿಟಿ ಅಣ್ಣಂದಿರ, ಪಿಎಫ್ ಕಟ್ಟಾಗುವ ಪೌರಕಾರ್ಮಿಕರ ಬೆವರು ಸೆನ್ಸೆಕ್ಸ್ ಕಂಪನಿಗಳ ಒಳಗಿದೆ. ನಮ್ಮ ಎಲ್‌ಐಸಿ ಪಾಲಿಸಿ ಕಂತು ಅಲ್ಲಿದೆ. ದುಡ್ಡು ನಮ್ಮದು, ಮತ ಫಂಡ್ ಮ್ಯಾನೇಜರ್‌ದು. ಆ ಮ್ಯಾನೇಜರ್ ಟೇಬಲ್ ಮೇಲೆ ಆಡಳಿತದ ಕಾಗದ ಒಂದೇ ಇರುತ್ತೆ. ನಮ್ಮ ಕಾಗದವೂ ಇರಬೇಕು ಅನ್ನೋದು ಬಂಡವಾಳಶಾಹಿ ಆಸೆಯಲ್ಲ, ಕೂಲಿಯ ಲೆಕ್ಕ.

ಕಂಪನಿ ಕಡೆಯವರ ವಾದವೂ ಗೊತ್ತು. "100 ಜನಕ್ಕೆ ಬಿಟ್ಟರೆ ಕಂಡಕಂಡವರೆಲ್ಲ ಕಾಗದ ಕಳಿಸ್ತಾರೆ, ಮಾನ ಕಳೀತಾರೆ." ಸೆಕ್ಷನ್ 111ರಲ್ಲೇ ಇದಕ್ಕೆ ಉತ್ತರ ಇದೆ. ಮಾನಹಾನಿಯ ಪ್ರಚಾರಕ್ಕೆ ಹಕ್ಕನ್ನು ದುರುಪಯೋಗ ಮಾಡಿದರೆ ಕೇಂದ್ರ ಸರ್ಕಾರದ ಆದೇಶ ತಂದು ತಡೆಯಬಹುದು. ಆ ಬೀಗ ಇರುವಾಗ ಗೋಡೆ ಯಾಕೆ? "ಖರ್ಚು ಜಾಸ್ತಿ" ಅಂತಾರೆ. ಸಾವಿರಾರು ಅಂಚೆ ಲಕೋಟೆ ಬೇಕಿದ್ದ 1956ರಲ್ಲಿ 100 ಜನಕ್ಕೆ ಹಕ್ಕಿತ್ತು. ಒಂದು ಇ-ಮೇಲ್‌ನಲ್ಲಿ ಕೆಲಸ ಮುಗಿಯುವ ಈಗ ಹಕ್ಕಿಲ್ಲ. ಖರ್ಚು ಇಳಿದಷ್ಟೂ ಹಕ್ಕು ಇಳಿಯಿತು! "ಜಾತಿಗೂ ವ್ಯವಹಾರಕ್ಕೂ ಏನು ಸಂಬಂಧ?" ಅಂತಾರೆ. ಸೀಟಿಗೂ ಬಸ್ಸಿನ ವ್ಯವಹಾರಕ್ಕೂ ಏನು ಸಂಬಂಧ ಅಂತ ಗ್ರೇಹೌಂಡ್ ಕಡೆಯವರೂ ಅಂದುಕೊಂಡಿದ್ದರು.

ಹಾಗಾಗಿ ನಮ್ಮ ಬೇಡಿಕೆ ಸ್ಪಷ್ಟ:

1. ಸೆಕ್ಷನ್ 111 ತಿದ್ದಬೇಕು. "ಅಥವಾ 100 ಜನ ಸದಸ್ಯರು" ಅನ್ನೋದು ವಾಪಸ್ ಬರಬೇಕು. ಮತಬಲದ ಮಿತಿ 20ರಲ್ಲಿ 1ಕ್ಕೆ ಇಳಿಯಬೇಕು.

2. ಆ 1000 ಪದ ಇ-ವೋಟಿಂಗ್ ಶುರುವಾಗುವ ಮೊದಲೇ, ಕಂಪನಿಯ ಖರ್ಚಿನಲ್ಲಿ, ನೋಟಿಸ್ ಜೊತೆಗೇ ಹೋಗಬೇಕು. ಮತ ಹಾಕುವ ಪುಟದಲ್ಲೂ ಕಾಣಬೇಕು.

3. ವಿಳಾಸ ಗುಟ್ಟಾಗಿರಲಿ. ಆದರೆ ಷೇರುದಾರರು ಬರೆದ ಕಾಗದವನ್ನು ಉಳಿದವರಿಗೆ ದಾಟಿಸುವ ಹೊಣೆ ಕಂಪನಿಯ ಮೇಲಿರಬೇಕು.

4. ಬಿಆರ್‌ಎಸ್‌ಆರ್ ವರದಿಯಲ್ಲಿ ಆಡಳಿತ ಮಂಡಳಿಯಿಂದ ಹಿಡಿದು ಗುತ್ತಿಗೆ ಸ್ವಚ್ಛತಾ ಕೆಲಸಗಾರರವರೆಗೆ ಜಾತಿವಾರು ಕೋಷ್ಟಕ ಬರಬೇಕು.

5. ಪಿಎಫ್ ಟ್ರಸ್ಟಿ ಮಂಡಳಿಯಲ್ಲಿ ಕೂತಿರುವ ಕಾರ್ಮಿಕ ಪ್ರತಿನಿಧಿಗಳು, ನಮ್ಮ ದುಡ್ಡಿನ ಮತ ಜಾತಿ ಮತ್ತು ಗುತ್ತಿಗೆ ವಿಷಯದಲ್ಲಿ ಯಾವ ಕಡೆ ಬೀಳಬೇಕು ಅಂತ ಒಂದು ನೀತಿ ಮಾಡಿಸಬೇಕು.

ಕಾಯ್ದೆ ತಿದ್ದುವವರೆಗೆ ಸುಮ್ಮನೆ ಕೂರೋದೂ ಬೇಡ. ನಿಮ್ಮಲ್ಲಿ ಷೇರು ಇರುವವರು ಎಷ್ಟೋ ಜನ ಇದ್ದೀರಿ. ಬ್ಯಾಂಕ್ ನೌಕರರು, ಮೇಷ್ಟ್ರುಗಳು, ಸಾಫ್ಟ್‌ವೇರ್ ಹುಡುಗರು. ನೋಟಿಸ್ ಬಂದ ದಿನವೇ ಬಿಚ್ಚಿ ಓದಿ. ಕಂಪನಿ ಸೆಕ್ರೆಟರಿಗೆ ಬರವಣಿಗೆಯಲ್ಲಿ ಪ್ರಶ್ನೆ ಕಳಿಸಿ. ಮಾತಾಡೋರ ಪಟ್ಟಿಗೆ ಹೆಸರು ಕೊಡಿ. ಅದೇ ಪ್ರಶ್ನೆಯನ್ನು ಮತದಾನ ಶುರುವಾಗುವ ಮೊದಲೇ ಇಲ್ಲಿ ಹಾಕಿ, ನಾವು ಹಂಚ್ತೀವಿ. ದೊಡ್ಡ ಫಂಡ್‌ಗಳಿಗೆ ಟ್ಯಾಗ್ ಮಾಡಿ. ವಕೀಲ ಸಂಗಾತಿಗಳು ಸೆಕ್ಷನ್ 111 ತಿದ್ದುಪಡಿಯ ಕರಡು ಬರೆಯಲಿ. ನಮ್ಮ ಸಂಸದರ ಕೈಗೆ ಕೊಡೋಣ, ಏನು ಮಾಡ್ತಾರೆ ನೋಡೋಣ.

ಕಂಪನಿಗಳ ಅಂಗಳದಲ್ಲಿ ನಮ್ಮವರು ಕಸ ಗುಡಿಸ್ತಾರೆ, ಗೇಟ್ ಕಾಯ್ತಾರೆ, ಅದರ ಬಂಡವಾಳಕ್ಕೆ ಪಿಎಫ್ ಕಟ್ತಾರೆ. 1000 ಪದದ ಒಂದು ಕಾಗದ ಒಳಗೆ ಹೋಗೋಕೆ ಮಾತ್ರ ಹತ್ತಾರು ಸಾವಿರ ಕೋಟಿಯ ಟಿಕೆಟ್ ಬೇಕಂತೆ. ಆ ಟಿಕೆಟ್ ನಾವು ಕೊಳ್ಳಲ್ಲ. 100 ಜನ ಕರ್ಕೊಂಡು ಬರ್ತೀವಿ, ಬಾಗಿಲು ತೆಗೀರಿ.

ಓದಿ, ಹಂಚಿ, ಭಿನ್ನಾಭಿಪ್ರಾಯ ಇದ್ದರೆ ಕೆಳಗೆ ಬರೀರಿ.

ಜೈ ಭೀಮ್.